ಅಮ್ಮನ ಬೀರುವಿನ ಬೀಗದ ಕೈ ಅವಳ ಹತ್ತಿರವೇ ಇರಲಿ

ಪ್ರಶ್ನೆ: ನನಗೆ 35 ವರ್ಷ. ಹಾಸನದ ಹತ್ತಿರದ ಊರು. ನನ್ನ ಮೊದಲ ಮದುವೆ ಡಿವೋರ್ಸ್‌ನಲ್ಲಿ ಮುಗಿಯಿತು, ಮಕ್ಕಳಿರಲಿಲ್ಲ. ಒಂದೂವರೆ ವರ್ಷದ ಹಿಂದೆ ಇವರನ್ನು ಮದುವೆಯಾದೆ. ಆಗ ಇವರ ಮೊದಲ ಹೆಂಡತಿ ಕ್ಯಾನ್ಸರ್‌ನಿಂದ ತೀರಿಕೊಂಡು ಎರಡು ವರ್ಷವಾಗಿತ್ತು. ಇಬ್ಬರು ಮಕ್ಕಳು. ಮಗಳಿಗೆ 12, ಮಗನಿಗೆ 7. ಚಿಕ್ಕವನು ನನ್ನನ್ನು ‘ಅಮ್ಮ’ ಅಂತಾನೆ. ಹಾಗೆ ಕರೆದಾಗಲೆಲ್ಲ ಅಕ್ಕ ಅವನನ್ನು ಚಿವುಟುತ್ತಾಳೆ. ಅವಳು ನನ್ನನ್ನು ಏನೂ ಅಂತ ಕರೆಯುವುದಿಲ್ಲ, ‘ಅಪ್ಪಾ, ಅವರಿಗೆ ಹೇಳಿ’ ಅಂತಾಳೆ ಅಷ್ಟೆ. ಅವರಮ್ಮನ ಸೀರೆಗಳಿರುವ ಬೀರುವಿಗೆ ಬೀಗ ಹಾಕಿ, ಬೀಗದ ಕೈಯನ್ನು ಸ್ಕೂಲ್ ಬ್ಯಾಗಿನಲ್ಲಿ ಇಟ್ಟುಕೊಂಡಿದ್ದಾಳೆ. ನಾನು ಕಟ್ಟಿದ ಡಬ್ಬಿ ಎಷ್ಟೋ ದಿನ ಹಾಗೇ ವಾಪಸ್ ಬರುತ್ತದೆ. ಶನಿವಾರ ಅವರಮ್ಮನ ತವರಿಗೆ, ಅಂದರೆ ಅಜ್ಜಿ ಮನೆಗೆ ಹೋಗಿ ಬಂದರೆ ಎರಡು ದಿನ ಮುಖ ಕೊಟ್ಟು ಮಾತಾಡುವುದಿಲ್ಲ. ‘ಸ್ವಲ್ಪ ಗದರಿಸಿ ಹದ್ದುಬಸ್ತಿನಲ್ಲಿಡು’ ಅಂತ ನಮ್ಮತ್ತೆ ಹೇಳುತ್ತಾರೆ. ‘ಸುಧಾರಿಸಿಕೊಂಡು ಹೋಗು, ಸರಿಹೋಗುತ್ತೆ’ ಅಂತ ಇವರು. ಮಧ್ಯೆ ನಮಗೂ ಒಂದು ಮಗು ಆಗಲಿ ಅನ್ನುವ ಒತ್ತಾಯ ಬೇರೆ. ಅವಳ ನಂಬಿಕೆ ಗಳಿಸುವುದು ಹೇಗೆ? ಎಷ್ಟು ದಿನ ಅಂತ ಕಾಯಲಿ?

ಉತ್ತರ: ನಿಮ್ಮ ಪತ್ರದಲ್ಲಿ ನಾನು ಎರಡು ಸಲ ಓದಿದ್ದು ಬೀಗದ ಕೈ ವಿಷಯ. ಡಬ್ಬಿ, ಮುನಿಸು, ಚಿವುಟುವುದು ಎಲ್ಲವೂ ಅದರ ಸುತ್ತಲೇ ಇವೆ ಅನ್ನಿಸಿತು.

ಲೆಕ್ಕ ಹಾಕಿ ನೋಡಿ. ಅಮ್ಮ ಹೋದಾಗ ಈ ಹುಡುಗಿಗೆ ಎಂಟೂವರೆ ವರ್ಷ. ಆ ವಯಸ್ಸಿನ ಮಗುವಿಗೆ ಎಲ್ಲವೂ ನೆನಪಿರುತ್ತದೆ. ಅಮ್ಮನ ಕಾಯಿಲೆ, ಆಸ್ಪತ್ರೆಯ ಓಡಾಟ, ದೊಡ್ಡವರು ಬಾಗಿಲು ಹಾಕಿಕೊಂಡು ಮಾತಾಡಿದ್ದು, ತನ್ನನ್ನು ಯಾರದೋ ಮನೆಯಲ್ಲಿ ಬಿಟ್ಟಿದ್ದು. ತಮ್ಮನಿಗೆ ಆಗ ಮೂರೂವರೆ. ಅವನಿಗೆ ಅಮ್ಮನ ಮುಖ ಫೋಟೋದಲ್ಲಿ ನೋಡಿದಷ್ಟೇ. ಅಪ್ಪ ಮತ್ತೆ ಮದುವೆಯಾದರು. ತಮ್ಮ ಇನ್ನೊಬ್ಬರನ್ನು ಅಮ್ಮ ಅನ್ನಲು ಶುರು ಮಾಡಿದ. ಹೀಗಿರುವಾಗ ಈ ಮನೆಯಲ್ಲಿ ಅಮ್ಮನನ್ನು ಇಟ್ಟುಕೊಂಡಿರುವವಳು ತಾನೊಬ್ಬಳೇ ಅಂತ ಅವಳಿಗೆ ಅನ್ನಿಸುವುದರಲ್ಲಿ ತಪ್ಪೇನಿದೆ? ಅದಕ್ಕೇ ಬೀಗ.

ಇನ್ನೊಂದು ಮಾತು ನಿಮಗೆ ವಿಚಿತ್ರ ಅನ್ನಿಸಬಹುದು. ನೀವು ಒಳ್ಳೆಯವರಾದಷ್ಟೂ ಅವಳಿಗೆ ಕಷ್ಟ. ನೀವು ಮಾಡಿದ ಸಾರು ಬಾಯಿಗೆ ಹಿಡಿಸಿಬಿಟ್ಟರೆ, ನಿಮ್ಮ ಮಾತಿಗೆ ನಗು ಬಂದುಬಿಟ್ಟರೆ, ಅಮ್ಮನಿಗೆ ಮೋಸ ಮಾಡಿದ ಹಾಗೆ ಒಳಗೆ ಚುಚ್ಚುತ್ತದೆ. ಹಾಗಾಗಿ ಇಬ್ಬರೂ ನಗುನಗುತ್ತಾ ಕಳೆದ ಒಂದು ಸಂಜೆಯ ಮಾರನೇ ದಿನವೇ ಅವಳು ಇನ್ನೂ ಒರಟಾಗಿ ನಡೆದುಕೊಳ್ಳಬಹುದು. ‘ನಿನ್ನೆ ಚೆನ್ನಾಗೇ ಇದ್ದಳಲ್ಲ, ಇವತ್ತೇನು ಬಂತು?’ ಅಂತ ನನ್ನ ಮುಂದೆ ಕೂತು ಕೇಳದ ಮಲತಾಯಿ, ಮಲತಂದೆ ಕಡಿಮೆ. ನಿನ್ನೆ ಚೆನ್ನಾಗಿದ್ದದ್ದೇ ಕಾರಣ. ಮಕ್ಕಳ ಜೊತೆ ಕೆಲಸ ಮಾಡುವವರು ಇದನ್ನು ನಿಷ್ಠೆಯ ಇಕ್ಕಟ್ಟು ಅಂತಾರೆ.

ಹಾಗಾದರೆ ಅವಳ ನಂಬಿಕೆ ಗಳಿಸುವುದು ಅಂದರೆ, ನಿಮ್ಮನ್ನು ಇಷ್ಟಪಟ್ಟರೆ ಅಮ್ಮನನ್ನು ಕಳೆದುಕೊಳ್ಳಬೇಕಾಗಿಲ್ಲ ಅಂತ ಅವಳಿಗೆ ಖಾತ್ರಿಯಾಗುವುದು. ಬಾಯಲ್ಲಿ ಹೇಳಿದರೆ ಇದು ಖಾತ್ರಿಯಾಗುವುದಿಲ್ಲ. ‘ನಾನು ನಿಮ್ಮಮ್ಮನ ಜಾಗಕ್ಕೆ ಬಂದಿಲ್ಲ’ ಅಂತ ಅಡುಗೆಮನೆಯಲ್ಲಿ ನಿಂತು ಹೇಳಿದರೆ ಯಾವ ಮಗು ನಂಬುತ್ತದೆ? ಅದು ಕಣ್ಣಿಗೆ ಕಾಣಬೇಕು.

ಬೀರುವಿನಿಂದಲೇ ಶುರು ಮಾಡಿ. ಒಂದೇ ಒಂದು ಸಲ, ನಿಮ್ಮ ಯಜಮಾನರ ಎದುರಿಗೆ ಹೇಳಿ: ‘ಈ ಬೀರು ನಿಂದು. ಬೀಗದ ಕೈ ನಿನ್ನ ಹತ್ತಿರವೇ ಇರಲಿ. ನಾನು ತೆಗೆಯಲ್ಲ, ಯಾರಿಗೂ ತೆಗೆಯೋಕೆ ಬಿಡಲ್ಲ.’ ಆಮೇಲೆ ಆ ಮಾತು ಎತ್ತಬೇಡಿ. ಅಲ್ಲಿ ರೇಷ್ಮೆ ಸೀರೆಗಳಿದ್ದರೆ ಒಂದು ಕೆಲಸವಂತೂ ಬಂದೇ ಬರುತ್ತದೆ. ಒಂದೇ ಮಡಿಕೆಯಲ್ಲಿ ವರ್ಷಗಟ್ಟಲೆ ಇಟ್ಟ ರೇಷ್ಮೆ ಮಡಿಕೆಯ ಗುಂಟ ಸೀಳುತ್ತದೆ. ಜರಿ ಕಪ್ಪಾಗುತ್ತದೆ. ನುಸಿಗುಳಿಗೆ ಜರಿಗೆ ತಾಗಿದರೆ ಇನ್ನೂ ಬೇಗ ಹಾಳು. ಕೆಲವು ತಿಂಗಳಿಗೊಮ್ಮೆ ತೆಗೆದು, ಗಾಳಿಗೆ ಹರಡಿ, ಬೇರೆ ಮಡಿಕೆ ಹಾಕಿ, ಹಳೇ ಹತ್ತಿ ಪಂಚೆಯಲ್ಲಿ ಸುತ್ತಿಡಬೇಕು. 12 ವರ್ಷದ ಹುಡುಗಿಗೆ ಇದು ಗೊತ್ತಿರುವುದಿಲ್ಲ. ಅವಳ ಅಜ್ಜಿಗೆ ಗೊತ್ತಿರುತ್ತದೆ. ನೀವೇ ಅಜ್ಜಿಗೆ ಫೋನ್ ಮಾಡಿ, ‘ಮುಂದಿನ ಸಲ ಬಂದಾಗ ಸೀರೆ ಮಡಚೋದು ಹೇಗೆ ಅಂತ ಮಗುವಿಗೆ ತೋರಿಸಿಕೊಡಿ’ ಅನ್ನಿ. ಅವರಿಬ್ಬರೂ ಕೂತು ಮಡಚಲಿ. ಆ ಹೊತ್ತಿಗೆ ನೀವು ಕಾಫಿ ಕೊಟ್ಟು ಆಚೆ ಹೋಗಿ. ನಿಮ್ಮಿಬ್ಬರ ಮಧ್ಯೆ ಅಡ್ಡಗೋಡೆ ಅಂದುಕೊಂಡಿದ್ದ ಬೀರುವನ್ನು ನೀವೇ ಕಾಪಾಡಿದ್ದನ್ನು ಅವಳು ನೋಡುತ್ತಾಳೆ. ಅದೇ ದಿನ ಥ್ಯಾಂಕ್ಸ್ ಬರುತ್ತದೆ ಅಂದುಕೊಳ್ಳಬೇಡಿ.

ಫೋಟೋನೂ ಹಾಗೆಯೇ. ಹಾಲ್‌ನಲ್ಲಿದ್ದರೆ ಹಾಲ್‌ನಲ್ಲೇ ಇರಲಿ. ಹೂವು ಕೊಳ್ಳುವಾಗ ಒಂದು ಮೊಳ ಜಾಸ್ತಿ ತನ್ನಿ. ಫೋಟೋಗೆ ಹಾಕುವುದು ಅವಳ ಕೆಲಸ. ಪಿತೃಪಕ್ಷದಲ್ಲಿ ನಿಮ್ಮ ಕಡೆ ಎಡೆ ಇಡುವ ಪದ್ಧತಿ ಇದ್ದರೆ, ಅಮ್ಮನಿಗೆ ಏನು ಇಷ್ಟ ಅಂತ ಅವಳನ್ನೇ ಕೇಳಿ. ಅವಳು ‘ಕುರ್ಕುರೆ’ ಅಂದರೆ ಕುರ್ಕುರೆ ಇಡಿ, ಯಾರೂ ನಗಬೇಡಿ.

ಒಂದು ಎಚ್ಚರಿಕೆ. ಅವರಮ್ಮ ಮಾಡುತ್ತಿದ್ದ ಪುಳಿಯೋಗರೆಯನ್ನೇ ಮಾಡಿ ಅವಳನ್ನು ಖುಷಿಪಡಿಸೋಣ ಅಂತ ಹೊರಡಬೇಡಿ. ತುಂಬಾ ಜನ ಪ್ರೀತಿಯಿಂದಲೇ ಹೀಗೆ ಮಾಡಿ ಏಟು ತಿನ್ನುತ್ತಾರೆ. ಆ ರುಚಿ ಅವಳ ಆಸ್ತಿ, ಕೇಳದೆ ಮುಟ್ಟಬಾರದು. ಅವಳಾಗಿಯೇ ‘ನಮ್ಮಮ್ಮ ಇದಕ್ಕೆ ಬೆಲ್ಲ ಜಾಸ್ತಿ ಹಾಕ್ತಿದ್ರು’ ಅಂದ ದಿನ ಚಮಚ ಅವಳ ಕೈಗೆ ಕೊಡಿ. ಅಲ್ಲಿಯವರೆಗೆ ಡಬ್ಬಿಗೆ ನಿಮ್ಮ ಅಡುಗೆಯೇ ಸಾಕು. ವಾಪಸ್ ಬಂದ ಡಬ್ಬಿಯನ್ನು ತೆರೆದು ತೋರಿಸಿ ವಿಚಾರಣೆ ಮಾಡಬೇಡಿ. ಸುಮ್ನೆ ತೊಳೆದಿಡಿ. ಬೆಳಗ್ಗೆ ‘ಚಪಾತಿನಾ, ಚಿತ್ರಾನ್ನನಾ?’ ಅಂತ ಎರಡರಲ್ಲಿ ಒಂದು ಕೇಳಿ. ವಾರದಲ್ಲಿ ಎರಡು ದಿನ ಅಪ್ಪನೇ ಡಬ್ಬಿ ಕಟ್ಟಲಿ. ಅವರಿಗೆ ಅಡುಗೆ ಬರದಿದ್ದರೆ ಬ್ರೆಡ್ಡು, ಜಾಮ್ ಹಾಕಿ ಕಟ್ಟಲಿ.

ಈಗ ನಿಮ್ಮ ಅತ್ತೆಯ ಸಲಹೆ. ಅವರ ಮೇಲೆ ಗೌರವ ಇಟ್ಟುಕೊಂಡೇ ಹೇಳುತ್ತೇನೆ, ಅದನ್ನು ಪಾಲಿಸಬೇಡಿ. ಅಮೆರಿಕದ ವರ್ಜೀನಿಯಾ ವಿಶ್ವವಿದ್ಯಾಲಯದ ಮೇವಿಸ್ ಹೆದರಿಂಗ್ಟನ್ ಇಂಥ ಕುಟುಂಬಗಳನ್ನು ದಶಕಗಳ ಕಾಲ ಅಧ್ಯಯನ ಮಾಡಿದವರು. ಹೊಸದಾಗಿ ಬಂದವರು ಬಂದ ಕೂಡಲೇ ಶಿಸ್ತಿನ ಕೋಲು ಹಿಡಿದ ಮನೆಗಳಲ್ಲಿ ಸಂಬಂಧ ಕೆಡುತ್ತದೆ, ಅದರಲ್ಲೂ ಹದಿಹರೆಯಕ್ಕೆ ಕಾಲಿಡುವ ಮಕ್ಕಳ ಜೊತೆ. ಮೊದಲು ಸ್ನೇಹ ಬೆಳೆಸಿ, ಹೆತ್ತವರ ಶಿಸ್ತಿಗೆ ಹಿಂದಿನಿಂದ ಬೆಂಬಲ ಕೊಟ್ಟವರಿಗೆ ದಾರಿ ಸುಲಭ. ಅವರು ನೋಡಿದ್ದು ಹೆಚ್ಚಾಗಿ ಡಿವೋರ್ಸ್ ಆದ ಅಮೆರಿಕನ್ ಮನೆಗಳನ್ನು. ಅತ್ತೆ, ಅಜ್ಜಿ, ಸೋದರಮಾವ ಎಲ್ಲರೂ ಇರುವ ನಮ್ಮ ಮನೆಗಳ ಲೆಕ್ಕ ಸ್ವಲ್ಪ ಬೇರೆ. ಆದರೆ ಈ ಒಂದು ಮಾತು ಇಲ್ಲೂ ಹಾಗೆಯೇ ನಿಜವಾಗುವುದನ್ನು ನೋಡುತ್ತಿದ್ದೇನೆ.

ಹಾಗಂತ ಅವಳು ಏನು ಮಾಡಿದರೂ ಸುಮ್ಮನಿರಿ ಅಂತಲ್ಲ. ಮನೆಯ ನಿಯಮ ಇರಬೇಕು, ಅದನ್ನು ಮಾಡುವವರು ಅಪ್ಪ ಆಗಿರಬೇಕು. ಅಪ್ಪ ಮನೆಯಲ್ಲಿ ಇಲ್ಲದಾಗ ನೀವು ಅದನ್ನು ನೆನಪಿಸಬಹುದು. ‘ಒಂಬತ್ತಕ್ಕೆ ಮೊಬೈಲ್ ಇಡಬೇಕು ಅಂತ ಅಪ್ಪ ಹೇಳಿದಾರೆ, ಈಗ ಒಂಬತ್ತಾಯ್ತು.’ ಅಷ್ಟೇ. ಕಿತ್ತುಕೊಳ್ಳಬೇಡಿ. ಕೊಡದಿದ್ದರೆ ರಾತ್ರಿ ಅಪ್ಪ ಬಂದು ಕೇಳಲಿ.

ಇನ್ನು ನಿಮ್ಮ ಯಜಮಾನರ ‘ಸರಿಹೋಗುತ್ತೆ’. ಈ ಭಾಗವನ್ನು ಅವರಿಗೂ ಓದಿಸಿ.

ಧ್ರುವನ ಕಥೆ ನಮಗೆಲ್ಲ ಗೊತ್ತು. ಅಪ್ಪನ ತೊಡೆ ಏರಲು ಹೋದ ಮಗುವನ್ನು ಮಲತಾಯಿ ಸುರುಚಿ ತಡೆದಳು. ಇವತ್ತಿಗೂ ಬೈಗುಳವೆಲ್ಲ ಸುರುಚಿಗೇ. ಆದರೆ ಆ ತೊಡೆ ಯಾರದು? ಉತ್ತಾನಪಾದ ರಾಜನದು. ಅವನು ಅಲ್ಲೇ ಕೂತಿದ್ದ, ಬಾಯಿ ಬಿಡಲಿಲ್ಲ. ನನ್ನ ಹತ್ತಿರ ಬರುವ ಎಷ್ಟೋ ಕುಟುಂಬಗಳಲ್ಲಿ ಹೆಂಡತಿ ಅಳುತ್ತಿರುತ್ತಾರೆ, ಮಗು ಸಿಡುಕುತ್ತಿರುತ್ತದೆ, ಯಜಮಾನರು ಮೊಬೈಲ್ ನೋಡುತ್ತಿರುತ್ತಾರೆ. ಕೆಟ್ಟವರೇನಲ್ಲ. ಮಗಳ ಕಡೆ ಮಾತಾಡಿದರೆ ಹೆಂಡತಿಗೆ ನೋವು, ಹೆಂಡತಿ ಕಡೆ ಮಾತಾಡಿದರೆ ಮಗಳಿಗೆ ನೋವು ಅಂತ ಮಧ್ಯದಲ್ಲಿ ಸಿಕ್ಕಿಹಾಕಿಕೊಂಡಿರುತ್ತಾರೆ. ಆದರೆ ಅವರು ಸುಮ್ಮನಿದ್ದಷ್ಟೂ ಎಲ್ಲ ಭಾರ ನಿಮ್ಮ ತಲೆ ಮೇಲೆ.

ಅವರು ಮಾಡಬೇಕಾದ್ದು ಜಾಸ್ತಿ ಏನಿಲ್ಲ. ವಾರಕ್ಕೆ ಒಂದು ಹೊತ್ತಾದರೂ ಮಗಳೊಬ್ಬಳನ್ನೇ ಕರೆದುಕೊಂಡು ಹೊರಗೆ ಹೋಗಬೇಕು. ನೀವೂ ಬೇಡ, ಮಗನೂ ಬೇಡ. ಮದುವೆಯಿಂದ ಅವಳು ಅಪ್ಪನ ಸ್ವಲ್ಪ ಭಾಗವನ್ನೂ ಕಳೆದುಕೊಂಡಿದ್ದಾಳೆ, ಅದು ವಾಪಸ್ ಸಿಗಬೇಕು. ಅಂಥ ಹೊತ್ತಿನಲ್ಲಿ ಅವರು ತಮ್ಮ ಮೊದಲ ಹೆಂಡತಿಯ ಬಗ್ಗೆ ಮಗಳ ಜೊತೆ ಮಾತಾಡಲಿ. ‘ನಿಮ್ಮಮ್ಮ ಇದ್ದಿದ್ರೆ ಈ ಹೋಟೆಲ್ ದೋಸೆಗೆ ಏನಂತಿದ್ಳು ಗೊತ್ತಾ?’ ಅನ್ನುವಂಥ ಮಾತು ಸಾಕು. ಹೊಸ ಹೆಂಡತಿಗೆ ಬೇಜಾರಾಗುತ್ತದೆ ಅಂತ ಗಂಡಸರು ಸತ್ತವಳ ಹೆಸರನ್ನೇ ಎತ್ತುವುದಿಲ್ಲ. ಮಗಳಿಗೆ ಅದು ‘ಅಪ್ಪ ಮರೆತರು’ ಅಂತ ಕೇಳಿಸುತ್ತದೆ. ಆಮೇಲೆ ಮರ್ಯಾದೆಯ ವಿಷಯವನ್ನೂ ಅವರೇ ಹೇಳಬೇಕು: ‘ಇವರನ್ನು ಪ್ರೀತಿಸು ಅಂತ ನಾನು ಯಾವತ್ತೂ ಹೇಳಲ್ಲ. ಆದರೆ ಈ ಮನೇಲಿ ಯಾರೂ ಯಾರಿಗೂ ಮರ್ಯಾದೆ ಬಿಟ್ಟು ಮಾತಾಡಂಗಿಲ್ಲ.’ ಇದು ನಿಮ್ಮ ಬಾಯಿಂದ ಬಂದರೆ ಜಗಳ, ಅಪ್ಪನ ಬಾಯಿಂದ ಬಂದರೆ ನಿಯಮ.

ತಮ್ಮನನ್ನು ಚಿವುಟುವುದಕ್ಕೂ ಅವರೇ ಮದ್ದು. ಚಿವುಟಬಾರದು ಅಂತ ಗಟ್ಟಿಯಾಗಿ ಹೇಳಿ, ಜೊತೆಗೆ ಒಂದು ಕೆಲಸ ಕೊಡಲಿ. ‘ಅವನಿಗೆ ಅಮ್ಮ ಅಷ್ಟಾಗಿ ನೆನಪಿಲ್ಲ ಪುಟ್ಟಿ. ನಿನಗಿದೆ. ನೀನು ಅವನಿಗೆ ಹೇಳು.’ ಇದು ಅವಳನ್ನು ಸಮಾಧಾನ ಮಾಡುವ ಉಪಾಯವಷ್ಟೇ ಅಲ್ಲ. ಸತ್ತವರು ಇನ್ನು ಬರುವುದೇ ಇಲ್ಲ ಅನ್ನುವುದು ಮಕ್ಕಳಿಗೆ ಸರಿಯಾಗಿ ತಿಳಿಯುವುದು ಸುಮಾರು 5ರಿಂದ 7 ವರ್ಷದ ಹೊತ್ತಿಗೆ. ಅಂದರೆ ನಿಮ್ಮ ಚಿಕ್ಕವನು ತನಗೆ ಆದ ನಷ್ಟವನ್ನು ಈಗಷ್ಟೇ ಅರ್ಥ ಮಾಡಿಕೊಳ್ಳುತ್ತಿದ್ದಾನೆ. ಎಲ್ಲ ಸರಿಯಿದೆ ಅಂದುಕೊಂಡ ಮಗ ನಾಳೆ ‘ನನ್ನ ನಿಜವಾದ ಅಮ್ಮ ಎಲ್ಲಿ?’ ಅಂತ ಕೇಳಿದರೆ ಗಾಬರಿಯಾಗಬೇಡಿ, ನಿಮ್ಮನ್ನು ತಳ್ಳುತ್ತಿದ್ದಾನೆ ಅಂದುಕೊಳ್ಳಬೇಡಿ. ಅವನು ಅಮ್ಮ ಅಂದರೆ ಅನ್ನಲಿ, ಓಗೊಡಿ. ಅವಳಿಂದ ಮಾತ್ರ ಆ ಕರೆ ಬಯಸಬೇಡಿ, ಬೇರೆಯವರು ಒತ್ತಾಯಿಸಲೂ ಬಿಡಬೇಡಿ. ಚಿಕ್ಕಮ್ಮ, ಆಂಟಿ, ಯಾವುದಾದರೂ ಆಗುತ್ತದೆ. ಅವಳಿಗೆ ತೋಚಿದ ದಿನ ತೋಚಲಿ.

ನೀವಿಬ್ಬರೇ ಇರುವ ಹೊತ್ತಿನ ಬಗ್ಗೆ ಒಂದೆರಡು ಮಾತು. ಎದುರುಬದುರು ಕೂತು ‘ಬಾ, ಮಾತಾಡೋಣ’ ಅಂದರೆ ಈ ವಯಸ್ಸಿನ ಮಕ್ಕಳು ಬಾಯಿಗೆ ಬೀಗ ಹಾಕುತ್ತಾರೆ. ಕೈಗೆ ಕೆಲಸ ಇದ್ದು, ಕಣ್ಣು ಬೇರೆಲ್ಲೋ ಇರುವಾಗ ಮಾತು ಬರುತ್ತದೆ. ಅವರೆಕಾಯಿ ಸುಲಿಯುವಾಗ, ಪುಸ್ತಕಕ್ಕೆ ಬೈಂಡ್ ಹಾಕುವಾಗ. ಎಲ್ಲಕ್ಕಿಂತ ಒಳ್ಳೆಯದು ಸ್ಕೂಟರ್. ಹಿಂದೆ ಕೂತವರ ಮುಖ ನಿಮಗೆ ಕಾಣಿಸುವುದಿಲ್ಲ, ನಿಮ್ಮ ಮುಖ ಅವಳಿಗೆ ಕಾಣಿಸುವುದಿಲ್ಲ. ಟ್ಯೂಷನ್‌ಗೆ ಬಿಡುವ, ಕರೆದುಕೊಂಡು ಬರುವ ಕೆಲಸವನ್ನು ನೀವು ತೆಗೆದುಕೊಳ್ಳಿ. ಹೇಳಿದ ಟೈಮಿಗೆ ಗೇಟಿನ ಹತ್ತಿರ ಇರಿ. ತಿಂಗಳುಗಟ್ಟಲೆ ಅವಳು ಏನೂ ಮಾತಾಡದಿದ್ದರೂ ಪರವಾಗಿಲ್ಲ. ಅಮ್ಮನನ್ನು ಕಳೆದುಕೊಂಡ ಮಗುವಿಗೆ ‘ಬರ್ತೀನಿ ಅಂದವರು ಬಂದರು’ ಅನ್ನುವುದೇ ದೊಡ್ಡ ವಿಷಯ.

ಅಜ್ಜಿ ಮನೆಯನ್ನು ಯಾವ ಕಾರಣಕ್ಕೂ ತಪ್ಪಿಸಬೇಡಿ. ಎರಡು ದಿನದ ಮುನಿಸು ಅಜ್ಜಿ ಕಿವಿ ಊದಿದ್ದರಿಂದಲೇ ಬರುತ್ತದೆ ಅಂತೇನಿಲ್ಲ. ಅಲ್ಲಿ ಅಮ್ಮನ ಮಾತು ನಡೆಯುತ್ತದೆ, ಇಲ್ಲಿಗೆ ಬಂದರೆ ನಿಂತುಹೋಗುತ್ತದೆ. ಆ ಬದಲಾವಣೆಗೇ ಎರಡು ದಿನ ಬೇಕು. ಆದರೆ ಅಜ್ಜಿಗೂ ಒಂದು ಭಯ ಇರುತ್ತದೆ, ಯಾರೂ ಬಾಯಿಬಿಟ್ಟು ಹೇಳುವುದಿಲ್ಲ. ಮಗಳ ಒಡವೆ ಏನಾಗುತ್ತದೆ?

ಇದನ್ನು ಮೊದಲೇ ಬಗೆಹರಿಸಿಬಿಡಿ. ಹಿಂದೂ ಮಹಿಳೆ ಉಯಿಲು ಬರೆಯದೆ ತೀರಿಕೊಂಡರೆ, 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯ 15ನೇ ಸೆಕ್ಷನ್ ಪ್ರಕಾರ ಅವಳ ಆಸ್ತಿ ಮೊದಲು ಮಕ್ಕಳಿಗೂ ಗಂಡನಿಗೂ ಸಮನಾಗಿ ಹೋಗುತ್ತದೆ. ಅದರಲ್ಲಿ ನಿಮಗೆ ಪಾಲಿಲ್ಲ. ಇದನ್ನು ನೀವೇ ಮುಂದಾಗಿ ಹೇಳಿದರೆ ಅದರ ತೂಕವೇ ಬೇರೆ. ಯಜಮಾನರು, ಅಜ್ಜಿ ಕೂತು ಒಡವೆಗಳ ಪಟ್ಟಿ ಮಾಡಿ, ಇಬ್ಬರೂ ಸಹಿ ಹಾಕಿ, ಮಕ್ಕಳಿಗೆ ಅಂತ ಲಾಕರ್‌ನಲ್ಲಿ ಇಡಲಿ. ಹಬ್ಬಕ್ಕೆ, ಮದುವೆಮನೆಗೆ ‘ಸುಮ್ನೆ ಇದೆಯಲ್ಲ, ಹಾಕ್ಕೋ’ ಅಂತ ಯಾರು ಹೇಳಿದರೂ ಆ ಸರ ನಿಮ್ಮ ಕೊರಳಿಗೆ ಬರಬಾರದು. ಅವಳು ಒಂದು ಸಲ ಅದನ್ನು ನಿಮ್ಮ ಮೈಮೇಲೆ ನೋಡಿದರೆ ಇಲ್ಲಿಯವರೆಗೆ ಮಾಡಿದ್ದೆಲ್ಲ ನೀರಲ್ಲಿ ಹೋಮ.

ಕಾನೂನಿನ ಇನ್ನೊಂದು ಮಾತು. 1956ರ ಹಿಂದೂ ಅಪ್ರಾಪ್ತತೆ ಮತ್ತು ಪೋಷಕತ್ವ ಕಾಯ್ದೆಯ ಪ್ರಕಾರ ಮಲತಾಯಿ, ಮಲತಂದೆ ಸ್ವಾಭಾವಿಕ ಪೋಷಕರಲ್ಲ. ಸಹಿಯ ವಿಷಯ ಬಂದಾಗ ಯಜಮಾನರೇ ಹಾಕಲಿ. ಸ್ಕೂಲಿಗೆ, ನಿಮ್ಮನ್ನು ಸಂಪರ್ಕಿಸಬಹುದು ಅಂತ ಅವರಿಂದ ಒಂದು ಪತ್ರ ಕೊಡಿಸಿಡಿ. ದಾಖಲೆಯಲ್ಲಿ ತಾಯಿಯ ಹೆಸರಿನ ಜಾಗದಲ್ಲಿ ಅವರಮ್ಮನ ಹೆಸರೇ ಇರಲಿ.

ನೀವು ಕೇಳದ ಒಂದು ವಿಷಯವೂ ಇದೆ. ಅವಳಿಗೆ 12. ಇನ್ನೂ ಮುಟ್ಟಾಗಿಲ್ಲದಿದ್ದರೆ ಅದು ಹತ್ತಿರದಲ್ಲೇ ಇದೆ. ಆ ದಿನ ಅವಳಿಗೆ ಅಮ್ಮ ಬೇಕೇ ಬೇಕು ಅನ್ನಿಸುತ್ತದೆ, ಅದೇ ಕಾರಣಕ್ಕೆ ನಿಮಗೆ ಹೇಳದೆಯೂ ಇರಬಹುದು. ಬಚ್ಚಲುಮನೆಯ ಒಂದು ಶೆಲ್ಫಿನಲ್ಲಿ ಪ್ಯಾಡ್ ಇಡಿ. ‘ಇಲ್ಲಿ ಇದೆ, ಬೇಕಾದಾಗ ತಗೋ. ನನ್ನ ಹತ್ತಿರ ಹೇಳಬಹುದು, ಅಜ್ಜಿ ಹತ್ತಿರ, ಟೀಚರ್ ಹತ್ತಿರ ಯಾರ ಹತ್ತಿರ ಬೇಕಾದರೂ ಹೇಳಬಹುದು’ ಅಂತ ಒಂದು ಸಲ ಹೇಳಿ ಬಿಡಿ. ಅವಳು ಅಜ್ಜಿಗೆ ಫೋನ್ ಮಾಡಿದರೆ ಮುಖ ಸಣ್ಣ ಮಾಡಿಕೊಳ್ಳಬೇಡಿ. ಆರತಿ ಮಾಡಬೇಕೋ ಬೇಡವೋ ಅವಳನ್ನು ಕೇಳಿ. ಮಾಡುವುದಾದರೆ ನಮ್ಮ ಕಡೆ ಸೋದರಮಾವ ಬಂದು ಹಸಿರು ಗುಡ್ಲು ಹಾಕುವ ಪದ್ಧತಿ ಇದೆಯಲ್ಲ, ಅದನ್ನು ಬಿಡಬೇಡಿ. ಅಮ್ಮನ ಕಡೆಯವರು ಆ ದಿನ ಮುಂದೆ ನಿಂತಿದ್ದನ್ನು ಅವಳು ಮರೆಯುವುದಿಲ್ಲ. ಅವರನ್ನು ಕರೆದವರು ಯಾರು ಅನ್ನುವುದನ್ನೂ ಮರೆಯುವುದಿಲ್ಲ.

ಎಷ್ಟು ದಿನ ಅಂತ ಕೇಳಿದ್ದೀರಿ. ಇಂಥ ಕುಟುಂಬಗಳ ಜೊತೆ ದೀರ್ಘಕಾಲ ಕೆಲಸ ಮಾಡಿದ ಅಮೆರಿಕದ ಮನಶ್ಶಾಸ್ತ್ರಜ್ಞೆ ಪೆಟ್ರೀಷಿಯಾ ಪೇಪರ್‌ನೋ ಪ್ರಕಾರ ಬೇಗ ಹೊಂದಿಕೊಳ್ಳುವ ಮನೆಗಳಿಗೂ ಸುಮಾರು 4 ವರ್ಷ ಬೇಕು, ಸಾಮಾನ್ಯವಾಗಿ 7. ನಿಮ್ಮದಿನ್ನೂ ಒಂದೂವರೆ. ಹೆದರಿಸಲು ಹೇಳುತ್ತಿಲ್ಲ. ನೀವು ಸೋತಿಲ್ಲ, ಈ ಹೊತ್ತಿಗೆ ಇಷ್ಟೇ ಆಗುವುದು ಅಂತ ಹೇಳುತ್ತಿದ್ದೇನೆ. ಮುಂದೆ ಬರುವ ಗುರುತುಗಳೂ ಸಿಹಿಯಾಗಿರುವುದಿಲ್ಲ. ‘ಅಪ್ಪಾ, ಅವರಿಗೆ ಹೇಳಿ’ ಅನ್ನುತ್ತಿದ್ದವಳು ಒಂದು ದಿನ ನೇರವಾಗಿ ನಿಮ್ಮ ಮುಖಕ್ಕೇ ‘ನನ್ನ ಯೂನಿಫಾರ್ಮ್ ಯಾಕೆ ಐರನ್ ಆಗಿಲ್ಲ?’ ಅಂತ ರೇಗಿದರೆ ಒಳಗೊಳಗೇ ಖುಷಿಪಡಿ. ಬಿಟ್ಟು ಹೋಗುವುದಿಲ್ಲ ಅಂತ ಖಾತ್ರಿ ಇರುವವರ ಮೇಲೇ ಮಕ್ಕಳು ರೇಗುವುದು.

ಈ ಮಧ್ಯೆ ನಿಮಗೂ ಸಾಕಾಗಿ ಹೋಗುತ್ತದೆ. ಮೊದಲ ಮದುವೆಯ ಗಾಯ ಇನ್ನೂ ಹಸಿಯಿರಬಹುದು. ಅವಳ ಮೇಲೆ ತಾಯಿಯ ಪ್ರೀತಿ ಬರಲಿಲ್ಲ ಅಂತ ನಿಮ್ಮನ್ನೇ ಬೈದುಕೊಳ್ಳಬೇಡಿ. ನ್ಯಾಯವಾಗಿ, ಹೇಳಿದ ಮಾತಿಗೆ ತಪ್ಪದೆ ನಡೆದುಕೊಂಡರೆ ಸದ್ಯಕ್ಕೆ ಸಾಕು. ಆಗಾಗ ತವರಿಗೆ ಹೋಗಿ ನಾಲ್ಕು ದಿನ ಇದ್ದು ಬನ್ನಿ. ಆದರೆ ಅವಳು ಊಟ ಪೂರ್ತಿ ಬಿಟ್ಟರೆ, ನಿದ್ದೆ ಕೆಟ್ಟರೆ, ಓದು ಒಮ್ಮೆಲೇ ಕುಸಿದರೆ, ಕೈ ಕುಯ್ದುಕೊಂಡರೆ, ‘ನಾನೂ ಅಮ್ಮನ ಹತ್ತಿರ ಹೋಗ್ತೀನಿ’ ಅಂದರೆ ಅದನ್ನು ಮುನಿಸು ಅಂತ ಬಿಡಬೇಡಿ. ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಹಗಲು ರಾತ್ರಿ ಯಾವಾಗಲಾದರೂ ಫೋನ್ ಮಾಡಬಹುದು, ಕನ್ನಡದಲ್ಲೇ ಮಾತಾಡುತ್ತಾರೆ, ದುಡ್ಡು ಕೊಡಬೇಕಾಗಿಲ್ಲ. ಜಿಲ್ಲಾಸ್ಪತ್ರೆಯ ಮಾನಸಿಕ ಆರೋಗ್ಯ ವಿಭಾಗಕ್ಕೂ ಹೋಗಬಹುದು. ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ಮಕ್ಕಳಿಗಾಗಿಯೇ ಬೇರೆ ವಿಭಾಗವಿದೆ.

ಕೊನೆಗೆ ನಿಮ್ಮ ಮಗುವಿನ ವಿಷಯ. ಅವಳು ಒಪ್ಪುವವರೆಗೆ ಕಾಯಿರಿ ಅಂತ ನಾನು ಹೇಳುವುದಿಲ್ಲ. ಅಷ್ಟು ದೊಡ್ಡ ತೀರ್ಮಾನದ ಭಾರವನ್ನು 12 ವರ್ಷದ ಹುಡುಗಿಯ ತಲೆ ಮೇಲೆ ಹೊರಿಸುವುದು ಅನ್ಯಾಯ. ನಿಮ್ಮ ವಯಸ್ಸೂ ನೋಡಬೇಕು. ಬೇಕು ಅನ್ನಿಸಿದರೆ ಡಾಕ್ಟರ್ ಹತ್ತಿರ ಮಾತಾಡಿ, ನೀವಿಬ್ಬರೇ ನಿರ್ಧರಿಸಿ. ಅತ್ತೆಯ ಒತ್ತಾಯಕ್ಕೆ ಮಾತ್ರ ಬೇಡ, ಅವಳನ್ನು ‘ಸರಿ ಮಾಡೋಕೆ’ ಅಂತಲೂ ಬೇಡ. ಸುದ್ದಿ ಗಟ್ಟಿಯಾದ ಮೇಲೆ ಅವಳಿಗೆ ಹೇಳುವವರು ಅವರಪ್ಪ ಆಗಿರಲಿ, ಅವಳೊಬ್ಬಳನ್ನೇ ಕೂರಿಸಿಕೊಂಡು ಹೇಳಲಿ. ಅತ್ತೆ ಪಕ್ಕದ ಮನೆಯವರಿಗೆ ಹೇಳುವ ಮೊದಲೇ ಹೇಳಲಿ. ಅವಳು ಎದ್ದು ರೂಮಿಗೆ ಹೋಗಿ ಬಾಗಿಲು ಹಾಕಿಕೊಂಡರೆ ಅವರು ಆ ಬಾಗಿಲ ಹತ್ತಿರವೇ ಇರಲಿ. ಅವತ್ತು ಸಂಜೆ ಅವರು ಹೊರಗೆಲ್ಲೂ ಹೋಗುವುದು ಬೇಡ.